ಕಣದಲ್ಲಿ ಒಣಗಿದ ಚೆಕ್ ಕಾದಂಬರಿ

ಮೂಡಿಗೆರೆಯ ನಮ್ಮ ಓದುಗರ ಬಳಗದಲ್ಲಿ ಚೆಕ್ ದೇಶದ ಖ್ಯಾತ ಕಾದಂಬರಿಕಾರರೊಬ್ಬರ ಬದುಕು-ಬರಹದ ಬಗ್ಗೆ ಮಾತಾಡಲು ಯಾರೂ ಒಪ್ಪದಿದ್ದಾಗ ನಾನು ಕೈ ಎತ್ತಿದೆ. ಕಾಫಿ ಬೆಳೆದವನಿಗೆ ಚೆಕ್ ಸಾಹಿತ್ಯ ಏನು ಮಹಾ! ಅವರ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಆ ದೊಡ್ಡವರ ಮರ್ಯಾದೆಯಾದರೂ ಉಳಿಯಲಿ. ಅಸಲಿಗೆ ನನಗೆ ಬೇಕಿದ್ದದ್ದು ಒಂದೇ: ಗಂಡ ಬುದ್ಧಿಜೀವಿ ಎಂದು ಹೆಂಡತಿ ಶಾರದ ಒಮ್ಮೆಯಾದರೂ ಒಪ್ಪಬೇಕು. ಮದುವೆಯಾಗಿ ಇಪ್ಪತ್ತೆರಡು ವರ್ಷವಾದರೂ ಅವಳಿಗೆ ಅಂಥ ಸುಳಿವು ಸಿಕ್ಕಿರಲಿಲ್ಲ.

ಬಳಗದವರು ಕೊಟ್ಟ ಕನ್ನಡ ಅನುವಾದವನ್ನು ಕಾಫಿ ಒಣಹಾಕಿದ್ದ ಕಣದಲ್ಲೇ ಕೂತು ಓದತೊಡಗಿದೆ. ಅಕಾಲದ ಮಳೆ ಬಂತು. ಓಡಿಹೋಗಿ ಕಾಫಿಗೆ ಟಾರ್ಪಾಲು ಮುಚ್ಚಿದೆ. ಕಾದಂಬರಿಯನ್ನು ಮರೆತೆ! ಮರುದಿನ ನೆನೆದು ಬಿಚ್ಚಿಕೊಂಡ ಹಾಳೆಗಳನ್ನು ಕಾಫಿಯ ಪಕ್ಕದಲ್ಲೇ ಹರಡಿದೆ. ಕಣದ ಕೆಲಸದ ಗಿರಿಜಕ್ಕ ಗಂಟೆಗೊಮ್ಮೆ ಕಾಫಿ ಕೆದಕುವವರು, ಅಭ್ಯಾಸಬಲದಿಂದ ಹಾಳೆಗಳನ್ನೂ ಕೆದಕಿದರು. ಪುಟಸಂಖ್ಯೆಯಿದ್ದ ಮೂಲೆಗಳೆಲ್ಲ ಹರಿದುಹೋದವು. ಸಂಜೆ ಕಣದಲ್ಲಿ ಬಿದ್ದಿದ್ದ ಕಾಗದವನ್ನೆಲ್ಲ ಒಟ್ಟುಮಾಡಿ ಕೊಟ್ಟರು. ಚೀಲ ಹೊಲಿಯುವ ದಬ್ಬಳದಲ್ಲಿ ಸಿಕ್ಕಿದ ಕ್ರಮದಲ್ಲೇ ಹೊಲಿದುಬಿಟ್ಟೆ.

ಓದಿದರೆ ನಾಯಕಿ ನಡುವೆ ಸತ್ತು ಕೊನೆಯಲ್ಲಿ ಕುಣಿಯುತ್ತಿದ್ದಳು. ಯುರೋಪಿನವರು ಹೀಗೇ ಎಂದುಕೊಂಡೆ.

ಭಾಷಣದ ದಿನ ಶಾರದ ಮೊದಲ ಸಾಲಿನಲ್ಲಿ ಕೂತಳು. ಅಲ್ಲಿನ ಸರ್ಕಾರ ಆ ಲೇಖಕರ ಪುಸ್ತಕಗಳನ್ನು ನಿಷೇಧಿಸಿದ್ದು, ಅವರು ದೇಶ ಬಿಟ್ಟುಹೋಗಿ ಬರೆದದ್ದು ಎಲ್ಲವನ್ನೂ ಗದ್ಗದಿತನಾಗಿ ಹೇಳಿದೆ. ಶಾರದ ತಲೆದೂಗಿದಳು! ಆ ಉಬ್ಬಿನಲ್ಲಿ, ಕಾದಂಬರಿಯ ಹೃದಯಭಾಗ ಕೇಳಿ ಎಂದು ಓದಿದೆ: "ಹೊರಗೆ ಹಸಿರು ಕಂಡರೂ ಹುಳು ಒಳಗಿನಿಂದ ತಿನ್ನುತ್ತಿರುತ್ತದೆ. ತಡಮಾಡದೆ ಬುಡಸಮೇತ ಕಿತ್ತು ಸುಟ್ಟುಹಾಕಿ."

ಹುಳುವೆಂದರೆ ಸರ್ವಾಧಿಕಾರ, ಗಿಡವೆಂದರೆ ಪ್ರಜೆ ಎಂದು ಹತ್ತು ನಿಮಿಷ ವಿವರಿಸಿದೆ. ಕಣ್ಣಲ್ಲಿ ನೀರು ಬಂತು. ನನಗೆ ಮಾತ್ರ.

ಕೊಟ್ಟಿಗೆಹಾರದ ಹಿರಿಯ ಬೆಳೆಗಾರ ನಾಗಪ್ಪಗೌಡರು ನಿಧಾನವಾಗಿ ಎದ್ದರು.

"ಅದು ಕಾಫಿ ಗಿಡದ ಕಾಂಡಕೊರಕ ಹುಳುವಿನ ಕರಪತ್ರ ಮಾರಾಯ. ಹೋದ ತಿಂಗಳು ತೋಟದವ್ರಿಗೆಲ್ಲ ಹಂಚಿದ್ರಲ್ಲ. ಯಾವ ಔಷಧಿ ಹೊಡೀಬೇಕು ಅಂತ ಹಿಂದಿನ ಮಗ್ಗುಲಲ್ಲಿದೆ, ನೋಡು."

ತಿರುಗಿಸಿ ನೋಡಿದೆ. ಇತ್ತು.

ಸಭೆ ಹೊಟ್ಟೆ ಹಿಡಿದುಕೊಂಡು ನಕ್ಕಿತು. ಶಾರದ ಮಾತ್ರ ನಗಲಿಲ್ಲ, ಅದೇ ನನಗೆ ಹೆಚ್ಚು ಭಯವಾದದ್ದು. ಸಭೆ ಮುಗಿದು ಜೀಪಿನಲ್ಲಿ ಮನೆಗೆ ಹೊರಟೆವು.

"ಮಾತು ಚೆನ್ನಾಗೇ ಆಡಿದ್ರಿ," ಎಂದಳು. "ಆ ಕರಪತ್ರ ಒಂದ್ಸಲ ಓದಿ ಅಂತ ತಿಂಗಳಿಂದ ಬಡ್ಕೊಳ್ತಾ ಇದ್ದೆ. ಓದಿದ್ರೆ ಇವತ್ತು ಗುರ್ತು ಸಿಗ್ತಿತ್ತು."

ನಾನು ಬುದ್ಧಿಜೀವಿಯಲ್ಲ ಎಂಬುದು ಅಷ್ಟು ದಿನ ಶಾರದಳಿಗೆ ಮಾತ್ರ ಗೊತ್ತಿತ್ತು. ಕಾಫಿ ಬೆಳೆಗಾರನೂ ಅಲ್ಲ ಎಂಬುದು ಈಗ ಇಡೀ ತಾಲ್ಲೂಕಿಗೆ ಗೊತ್ತಾಯಿತು!