ಹದಿಮೂರನೇ ನಂಬರನ್ನು ಒಲ್ಲೆನೆಂದ ನಮ್ಮ ಮನೆಯ ಫರ್ನೇಸಿಗೆ

ಮಾನ್ಯರೇ,

ಇಪ್ಪತ್ತಾರು ವರ್ಷಗಳಿಂದ ನಮ್ಮ ನೆಲಮಾಳಿಗೆಯಲ್ಲಿ ವಿರಾಜಮಾನರಾಗಿ, ಮನೆಯೆಲ್ಲ ಬಿಸಿಗಾಳಿ ಊದಿ, ನಮ್ಮ ಮ್ಯಾನಿಟೋಬ ಸೀಮೆಯ ಚಳಿಯನ್ನು ಹೊಸ್ತಿಲಾಚೆಗೇ ತಡೆದಿರುವ ತಮಗೆ ಸಕುಟುಂಬ ನಮಸ್ಕಾರಗಳು. ತಮ್ಮ ಕೀರ್ತಿ ಊರಿಗೆಲ್ಲ ತಿಳಿಯಲೆಂದು ಈ ಪತ್ರದ ಒಂದು ಪ್ರತಿಯನ್ನು ಊರವರು ಮಂಜುಗಡ್ಡೆಯ ಮೇಲೆ ಕಲ್ಲು ಜಾರಿಸಿ ಆಡುವ ಕರ್ಲಿಂಗ್ ಕ್ಲಬ್ಬಿನ ಸೂಚನಾ ಹಲಗೆಗೂ ಅಂಟಿಸಿದ್ದೇನೆ.

ಮೊಮ್ಮಗಳು ಜೋಸಿಗೆ ಉಬ್ಬಸವಿರುವುದು ತಮಗೆ ಗೊತ್ತು. "ಅಪ್ಪಾ, ಮನೆ ಗಾಳಿ ಸರಿಯಿದ್ರೆ ಕ್ರಿಸ್‌ಮಸ್ಸಿಗೆ ನಿಮ್ಮಲ್ಲೇ ಇರ್ತೀವಿ, ಇಲ್ಲಾಂದ್ರೆ ಮೋಟೆಲ್ಲು" ಎಂದು ಮಗಳು ಕಾರ್ಲಾ ಫೋನಿನಲ್ಲಿ ಹೇಳಿದಳು. ಕೂಡಲೇ ಹಾರ್ಡ್‌ವೇರ್ ಅಂಗಡಿಗೆ ಓಡಿ ಗೋಡೆಯುದ್ದಕ್ಕೂ ಜೋಡಿಸಿದ, ತಮ್ಮಂಥವರ ಗಾಳಿಯ ಧೂಳು ಸೋಸುವ ಫಿಲ್ಟರುಗಳ ಮುಂದೆ ನಿಂತೆ. ಸಹಾಯ ಬೇಕೇ ಎಂದು ಅಂಗಡಿಯಾಕೆ ಕೇಳಿದಳು. ಅಂಥ ಅಂಗಡಿಯಲ್ಲಿ ಸಹಾಯ ಕೇಳುವ ಗಂಡಸು ನಮ್ಮೂರಿನಲ್ಲಿ ಇನ್ನೂ ಹುಟ್ಟಿಲ್ಲವಾದ್ದರಿಂದ, ಸುಮ್ಮನೆ ನೋಡುತ್ತಿದ್ದೇನೆ ಎಂದೆ. ಎಂಟು, ಹನ್ನೊಂದು, ಹದಿಮೂರು ಎಂದು ನಂಬರುಗಳಿದ್ದವು. ಹೆಚ್ಚು ಅಂಕ ಬಂದವನೇ ಜಾಣನೆಂದು ಶಾಲೆಯಲ್ಲಿ ಕಲಿತಿದ್ದ ನಾನು ಹದಿಮೂರನ್ನೇ ತಂದು ತಮಗೆ ತೊಡಿಸಿದೆ.

ತಾವಾದರೋ ಮರುದಿನವೇ, ಡಿಸೆಂಬರ್ ಇಪ್ಪತ್ನಾಲ್ಕರ ಮಧ್ಯಾಹ್ನ, ಹೊರಗೆ ಮೈನಸ್ ಮೂವತ್ತೊಂದು ಡಿಗ್ರಿಯಿರುವಾಗ, ಉಸಿರು ಕಟ್ಟಿ ನಿಂತುಬಿಟ್ಟಿರಿ. ಜೋಸಿಯನ್ನು ಮೋಟೆಲ್ಲಿಗೆ ಕಳಿಸಬಾರದೆಂದು ಹೊರಟವನು, ಹಬ್ಬದೂಟದ ಅರ್ಧ ಬೆಂದ ಟರ್ಕಿ ಕೋಳಿಯನ್ನು ತಬ್ಬಿಕೊಂಡು ಹೆಂಡತಿ ಹಿಲ್ಡಾಳ ಸಮೇತ ನಾನೇ ಅಲ್ಲಿಗೆ ಹೋದೆ. ಪಕ್ಕದ ಮನೆಯ ವಿಲ್ಬರ್ ಕಿಟಕಿಯಲ್ಲಿ ನಿಂತು, ಮೆರವಣಿಗೆ ನೋಡುವವನಂತೆ ಕೈಬೀಸಿದ.

ಮರುದಿನ ಬಂದ ಮೆಕ್ಯಾನಿಕ್ ಗಾರ್ತ್ ಫಿಲ್ಟರನ್ನು ಹೊರಗೆಳೆದು, "ಎಲ್ಡನ್, ನಂಬರು ಹೆಚ್ಚಾದಷ್ಟೂ ಫಿಲ್ಟರು ದಟ್ಟ, ಗಾಳಿ ಎಳೆಯೋದು ಕಷ್ಟ. ಮೂಗಿಗೆ ಕಂಬಳಿ ಕಟ್ಟಿ ಓಡು ಅಂದ್ರೆ ನೀನು ಓಡ್ತೀಯಾ? ಈ ಮುದುಕನಿಗೆ ಎಂಟೇ ಸಾಕು, ತಿಂಗಳಿಗೊಂದ್ಸಲ ಬದಲಾಯ್ಸು" ಎಂದ. ಎಂಟು ಹಾಕಿದೊಡನೆ ತಾವು ಗುರುಗುಟ್ಟತೊಡಗಿದಿರಿ.

ಆದ್ದರಿಂದ ಸವಿನಯ ಕೋರಿಕೆಯೇನೆಂದರೆ, ಮುಂದೆ ಮೂರ್ಛೆ ಹೋಗುವುದಿದ್ದರೆ ಜುಲೈ ತಿಂಗಳಲ್ಲಿ ಹೋಗತಕ್ಕದ್ದು. ಅದಕ್ಕೂ ಮೊದಲು ಒಮ್ಮೆ ಕೆಮ್ಮಿ ಸೂಚನೆ ಕೊಡತಕ್ಕದ್ದು. ನಾನು ಅಂಗಡಿಗೆ ಹೊರಟಾಗ ನನ್ನ ಬೂಟುಗಳನ್ನು ಬಚ್ಚಿಡತಕ್ಕದ್ದು. ಉಳಿದಂತೆ ತಮ್ಮ ಮೇಲೆ ನನಗೆ ಸಿಟ್ಟಿಲ್ಲ. ಗಾಳಿ ಸರಿಯಾದ ಮೇಲೆ ಬಂದ ಜೋಸಿ ಈಗ ನಮ್ಮ ಸೋಫಾದ ಮೇಲೆ ಮಲಗಿದ್ದಾಳೆ, ಎದೆಯಲ್ಲಿ ಸುಂಯ್ ಎನ್ನುವ ಸದ್ದಿಲ್ಲ. ಆ ಸದ್ದಿಲ್ಲದ ಉಸಿರನ್ನು ಕೇಳುತ್ತಾ ಕೂತಿದ್ದೇನೆ, ಬೇರೇನೂ ಬೇಡವೆನಿಸಿದೆ.

ಎಂಟಕ್ಕೇ ತೃಪ್ತನಾದ ತಮ್ಮ ವಿಶ್ವಾಸಿ,
ಎಲ್ಡನ್ ಫ್ರೀಸನ್

ತಾ.ಕ.: ಎಂಟನೇ ನಂಬರಿಗೇ ಪೂರ್ತಿ ಶ್ರೇಯ ಸಲ್ಲದು. ತಮ್ಮ ಬಿಸಿಗಾಳಿಯ ಕಿಂಡಿಯ ಮೇಲೆ ಇಡೀ ದಿನ ಮಲಗಿ ರೋಮ ಉದುರಿಸುತ್ತಿದ್ದ ಬೆಕ್ಕನ್ನು ಹಿಲ್ಡಾ ವಿಲ್ಬರನಿಗೆ ದಾಟಿಸಿದ್ದಾಳೆ. ನಿನ್ನೆ ಅವನು ಸೀನುತ್ತಾ ಬಂದು, ತನ್ನ ಹಳೇ ಫರ್ನೇಸಿಗೆ ಯಾವ ಫಿಲ್ಟರು ಒಳ್ಳೆಯದೆಂದು ಕೇಳಿದ. ಅಂಗಡಿಯಾಕೆಯನ್ನು ಕೇಳಲು ಅವನಿಗೂ ನಾಚಿಕೆಯಂತೆ. ಒಂದೇ ದಿನ ಬಳಸಿದ ಹದಿಮೂರನ್ನು ಪ್ರೀತಿಯಿಂದ ಕೊಟ್ಟು ಕಳಿಸಿದ್ದೇನೆ.