ದರ್ಜಿಯ ಟ್ರಿಪನೋಫೋಬಿಯಾ

ಬೆಂಕಿಗೆ ಹೆದರುವ ಅಡುಗೆಯವನನ್ನು ಜನ ಕ್ಷಮಿಸುತ್ತಾರೆ. ನೀರಿಗೆ ಹೆದರುವ ಅಂಬಿಗನನ್ನು ಕಂಡು ಪಾಪ ಎನ್ನುತ್ತಾರೆ. ಸೂಜಿಗೆ ಹೆದರುವ ದರ್ಜಿಯನ್ನು ಕಂಡರೆ ಮಾತ್ರ ಹೊಟ್ಟೆ ಹಿಡಿದುಕೊಂಡು ನಗುತ್ತಾರೆ. ಇದು ಯಾವ ಸೀಮೆ ನ್ಯಾಯ, ನೀವೇ ಹೇಳಿ.

ಹೌದು, ನಾನು ದರ್ಜಿ. ಬೆಳಗಿನಿಂದ ಸಂಜೆಯವರೆಗೆ ಬಾಯಲ್ಲಿ ಗುಂಡುಸೂಜಿ, ಬೆರಳಲ್ಲಿ ಕೈಸೂಜಿ, ಎದುರಿಗೆ ಮಿಷನ್ನಿನ ಸೂಜಿ. ಆದರೆ ಈ ಸೂಜಿಗಳೆಲ್ಲ ನಾನು ಹೇಳಿದ ಕಡೆ ಹೋಗುತ್ತವೆ, ಬಟ್ಟೆಯೊಳಗೆ. ಆಸ್ಪತ್ರೆಯ ಸೂಜಿ ಹಾಗಲ್ಲ, ಅದು ನನ್ನೊಳಗೇ ಬರುತ್ತದೆ. ಇಷ್ಟು ಸಣ್ಣ ವ್ಯತ್ಯಾಸ ಜನರಿಗೆ ತಿಳಿಯುವುದಿಲ್ಲವೆಂದರೆ ಏನು ಮಾಡೋಣ! ಇದನ್ನು ಬಿಡಿಸಿ ಹೇಳಲು ನನ್ನ ಹತ್ತಿರ ಒಂದು ಪದವೂ ಇರಲಿಲ್ಲ. ಆ ಪದ ಸಿಕ್ಕಿದ್ದು ಹೇಗೆ, ಸಿಕ್ಕಿ ಏನಾಯಿತು ಎನ್ನುವುದೇ ನನ್ನ ಗೋಳು.

ಅದಕ್ಕೆ ಮೊದಲು ನನ್ನ ಹೆಂಡತಿಯ ವಿಷಯ ಹೇಳಿಬಿಡುತ್ತೇನೆ. (ಮನೆಯಲ್ಲಂತೂ ಕೈಗೆ ಸಿಗುವುದಿಲ್ಲ, ಕಥೆಯಲ್ಲಾದರೂ ಇರಲಿ.) ಅವಳು ಬೇಕರಿಯಲ್ಲಿ ಹಿಟ್ಟು ನಾದುತ್ತಾಳೆ. ಊರಿಗೆಲ್ಲ ಬೆಳಗ್ಗೆ ಬಿಸಿ ಬ್ರೆಡ್ ಬೇಕೆಂದರೆ ಯಾರಾದರೂ ಕೋಳಿಗಿಂತ ಮೊದಲು ಏಳಬೇಕಲ್ಲ, ಹಾಗೆ ಏಳುವವಳು ನನ್ನ ಹೆಂಡತಿ. ನಾನು ಕಣ್ಣು ಬಿಡುವಷ್ಟರಲ್ಲಿ ಅವಳ ಹೊದಿಕೆ ಮಡಚಿರುತ್ತದೆ. ಮಧ್ಯಾಹ್ನದ ಮೇಲೆ ಅವಳು ಮನೆಗೆ ಬರುವ ಹೊತ್ತಿಗೆ ನಾನು ಅಂಗಡಿಯಲ್ಲಿ ಯಾರದೋ ಸೊಂಟಕ್ಕೆ ಅಳತೆಪಟ್ಟಿ ಸುತ್ತಿಕೊಂಡು ನಿಂತಿರುತ್ತೇನೆ. ಅಂಗಡಿ ಮುಚ್ಚಿ ಮನೆಗೆ ಬಂದರೆ ಅಡುಗೆ ಮುಗಿಸಿ ಗೋಡೆಯ ಕಡೆ ತಿರುಗಿ ಮಲಗಿರುತ್ತಾಳೆ. ನಾನು ಒಲೆಯ ಮೇಲಿನ ಪಾತ್ರೆಯನ್ನು ಮುಟ್ಟಿ ನೋಡುತ್ತೇನೆ. ಬಿಸಿಯಿದ್ದರೆ ಈಗಷ್ಟೇ ಮಲಗಿದ್ದಾಳೆ, ತಣ್ಣಗಿದ್ದರೆ ಮಲಗಿ ಬಹಳ ಹೊತ್ತಾಗಿದೆ. ನಮ್ಮ ದಾಂಪತ್ಯದ ಸಮಾಚಾರವೆಲ್ಲ ವರ್ಷಗಳಿಂದ ಆ ಪಾತ್ರೆಯ ಮೂಲಕವೇ ನನಗೆ ತಲುಪುತ್ತಿದೆ.

ಭಾನುವಾರ ಇದೆಯಲ್ಲ ಎನ್ನಬೇಡಿ. ಭಾನುವಾರ ಊರು ಎರಡರಷ್ಟು ಬನ್ನು ತಿನ್ನುತ್ತದೆ. ಬೇರೆ ಗಂಡಸರು ಹೆಂಡತಿ ಜಗಳವಾಡುತ್ತಾಳೆಂದು ದೂರುವುದನ್ನು ಕೇಳಿದರೆ ನನಗೆ ಹೊಟ್ಟೆಕಿಚ್ಚಾಗುತ್ತದೆ. ಜಗಳವಾಡಬೇಕಾದರೂ ಇಬ್ಬರೂ ಎಚ್ಚರವಿರಬೇಕಲ್ಲ!

ಹೀಗಿರುವಾಗ ಒಬ್ಬ ಮೇಡಂ ತಮ್ಮ ನಾಯಿಗೆ ಕೋಟು ಹೊಲಿಸಲು ಬಂದರು. ದಿಂಬಿನ ಗಾತ್ರದ ನಾಯಿ.

"ಇವನಿಗೆ ಚಳಿ ತಡೆಯೋದೇ ಇಲ್ಲ. ತುಂಬ ಸೂಕ್ಷ್ಮ," ಎಂದರು.

ಅವನು ಕುತ್ತಿಗೆಯ ಅಳತೆ ಕೊಟ್ಟ, ಬೆನ್ನಿನ ಅಳತೆ ಕೊಟ್ಟ. ಎದೆಯ ಸುತ್ತಳತೆಗೆ ಕೈ ಹಾಕಿದಾಗ ಮಾತ್ರ ಮಾನ ಹೋದವನಂತೆ ಗುರ್ರೆಂದ. ನಾನು ಪಟ್ಟಿ ಬಿಟ್ಟು ಎದ್ದು ಓಡಿದೆ. ಅಷ್ಟು ಸೂಕ್ಷ್ಮ ಪ್ರಾಣಿ ಅಟ್ಟಿಸಿಕೊಂಡು ಬಂದು ನನ್ನ ಮೀನಖಂಡಕ್ಕೆ ಬಾಯಿ ಹಾಕಿತು.

"ಛೇ, ಇವನು ಯಾರನ್ನೂ ಕಚ್ಚಲ್ಲ!" ಎಂದರು ಮೇಡಂ, ನನ್ನ ಕಾಲಿನಿಂದ ಅವನ ಹಲ್ಲು ಬಿಡಿಸುತ್ತ.

ಪಕ್ಕದ ಇಸ್ತ್ರಿ ಅಂಗಡಿಯವನು ನನ್ನನ್ನು ಸೈಕಲ್ಲಿನ ಹಿಂದೆ ಕೂರಿಸಿಕೊಂಡು ಆಸ್ಪತ್ರೆಗೆ ಒಯ್ದ. ಅಲ್ಲಿ ಸಿಸ್ಟರು ನನ್ನ ಅಂಗಿಯ ತೋಳು ಮೇಲೇರಿಸಿ, ಸಿರಿಂಜನ್ನು ಬೆಳಕಿಗೆ ಹಿಡಿದು, ಅದರ ತುದಿಯಿಂದ ಒಂದು ಹನಿ ಚಿಮ್ಮಿಸಿದರು. ನಾನು ಎದ್ದದ್ದು ನೆನಪಿದೆ. ಆಮೇಲೆ ನೆನಪಿರುವುದು ಸೈಕಲ್ ಸ್ಟ್ಯಾಂಡು. ಎರಡು ಸೈಕಲ್ಲುಗಳ ನಡುವೆ ಕುಕ್ಕರುಗಾಲಲ್ಲಿ ಕೂತಿದ್ದವನನ್ನು ಇಸ್ತ್ರಿಯವನೇ ಪತ್ತೆ ಹಚ್ಚಿ ಎಳೆದು ತಂದ.

"ಬಾಯಿ ತುಂಬ ಗುಂಡುಸೂಜಿ ಇಟ್ಕೊಂಡು ಊರ ಸುದ್ದಿ ಹೇಳ್ತೀಯಲ್ಲ ಟೈಲರಣ್ಣ, ಈ ಒಂದು ಸೂಜಿಗೆ ಪ್ರಾಣ ಬಿಡ್ತೀಯಾ?" ಎಂದು ಎಲ್ಲರಿಗೂ ಕೇಳುವಂತೆ ಕೂಗಿದ. ಸಾಲಿನಲ್ಲಿ ನಿಂತವರು ನಕ್ಕರು. ಸಿಸ್ಟರು ನಕ್ಕರು. ಜ್ವರದಿಂದ ನರಳುತ್ತಿದ್ದ ಮುದುಕರೊಬ್ಬರು ನರಳುವುದನ್ನು ನಿಲ್ಲಿಸಿ ನಕ್ಕರು.

ನಗದೆ ಇದ್ದವರು ಡಾಕ್ಟರಮ್ಮ ಒಬ್ಬರೇ.

"ಯಾಕೆ ನಗ್ತೀರಾ? ಇದು ಹೇಡಿತನ ಅಲ್ಲ. ಇದಕ್ಕೆ ಟ್ರಿಪನೋಫೋಬಿಯಾ ಅಂತಾರೆ."

ಮುದುಕರು ಮತ್ತೆ ನರಳತೊಡಗಿದರು.

"ಹಾಗಂದ್ರೇನು ಡಾಕ್ಟ್ರೇ?" ಎಂದೆ. ನನ್ನ ದನಿಯಲ್ಲಿ ಆಗಲೇ ಸ್ವಲ್ಪ ಗಾಂಭೀರ್ಯ ಬಂದಿತ್ತು.

"ಗ್ರೀಕ್ ಪದ. ಟ್ರಿಪನೋನ್ ಅಂದ್ರೆ ಕೊರೆಯೋ ಬೈರಿಗೆ, ಫೋಬಿಯಾ ಅಂದ್ರೆ ಮಿತಿಮೀರಿದ ಭಯ. ಯಾವ ಸೂಜಿ ಕಂಡ್ರೂ ಹೆದರ್ತಾರಲ್ಲ, ಅದಕ್ಕೆ ಬೇರೆ ಹೆಸರಿದೆ. ಇದು ಇಂಜೆಕ್ಷನ್ ಸೂಜಿ ಮೈಯೊಳಗೆ ಇಳಿಯುತ್ತೆ ಅನ್ನೋದರ ಭಯ. ಟೈಲರಿಗೆ ಯಾಕೆ ಬರಬಾರದು?"

ನನ್ನ ಕಣ್ಣಲ್ಲಿ ನೀರು ಬಂತು. ಇಡೀ ಜನ್ಮ ನಾನು ಹೇಳಲಾರದೆ ಒದ್ದಾಡಿದ್ದನ್ನು ಗ್ರೀಕರು ಯಾವ ಕಾಲದಲ್ಲೋ ನನಗಾಗಿ ಕೂಡಿಸಿ ಇಟ್ಟಿದ್ದರು!

"ಮನೇಲಿ ಯಾರಿದ್ದಾರೆ?" ಎಂದು ಡಾಕ್ಟರಮ್ಮ ಕೇಳಿದರು.

"ಯಾವ ಹೊತ್ತಿನಲ್ಲಿ ಡಾಕ್ಟ್ರೇ?"

ಅವರು ನನ್ನ ಮುಖ ನೋಡಿದರು. "ಇಂಥವರಿಗೆ ಮನೆಯವರು ಯಾರಾದ್ರೂ ಪಕ್ಕದಲ್ಲಿ ಕೂತು ಕೈ ಹಿಡ್ಕೊಂಡ್ರೆ ಧೈರ್ಯ. ಒಟ್ಟು ಐದು ಇಂಜೆಕ್ಷನ್ ಇದೆ. ಐದಕ್ಕೂ ನಿಮ್ಮ ಹೆಂಡತೀನ ಕರ್ಕೊಂಡು ಬನ್ನಿ."

ಇಸ್ತ್ರಿಯವನು ಸೈಕಲ್ ಹತ್ತಿ ಬೇಕರಿಗೆ ಓಡಿದ. ಸ್ವಲ್ಪ ಹೊತ್ತಿಗೆ ನನ್ನ ಹೆಂಡತಿ ಬಂದಳು, ಮೊಣಕೈವರೆಗೆ ಹಿಟ್ಟು ಮೆತ್ತಿಕೊಂಡು. ಹಗಲು ಬೆಳಕಿನಲ್ಲಿ ಅವಳನ್ನು ನೋಡಿ ಎಷ್ಟು ಕಾಲವಾಗಿತ್ತೋ. ಕಿವಿಯ ಹತ್ತಿರದ ಕೂದಲು ಬೆಳ್ಳಗಾಗಿತ್ತು. ಹಿಟ್ಟಿರಬೇಕು ಅಂದುಕೊಂಡೆ, ಹಿಟ್ಟಲ್ಲ.

"ಏನ್ರೀ ಇದು? ನಾಯಿ ಅಳತೆ ತಗೊಳ್ಳೋಕೆ ಹೋದ್ರೋ, ನಾಯಿಗೆ ಅಳತೆ ಕೊಡೋಕೆ ಹೋದ್ರೋ?"

"ತಮಾಷೆ ಬೇಡ ಕಣೇ. ನಾನು ಟ್ರಿಪನೋಫೋಬಿಯಾದವನು."

"ಹೌದಾ? ಮದುವೆ ಮಾತಾಡುವಾಗ ನಿಮ್ಮಪ್ಪ ಇದನ್ನ ಹೇಳ್ಲೇ ಇಲ್ಲ."

ಆದರೂ ಕೈ ಹಿಡಿದುಕೊಂಡಳು. ನನ್ನ ಕೈ ಬೆವರಿ ತೊಪ್ಪೆಯಾಗಿ, ಅವಳ ಕೈಯ ಹಿಟ್ಟಿನೊಂದಿಗೆ ಬೆರೆತು, ಇಬ್ಬರ ಬೆರಳುಗಳೂ ಅಂಟಿಕೊಂಡವು. ನಾನು ಕಣ್ಣು ಮುಚ್ಚಿ "ಅಮ್ಮಾ" ಎನ್ನುವಷ್ಟರಲ್ಲಿ ಸಿಸ್ಟರು "ಆಯ್ತು" ಎಂದರು.

ಆ ಆಸ್ಪತ್ರೆಯಲ್ಲಿ ಒಂದು ನಿಯಮವಿತ್ತು. ಇಂಜೆಕ್ಷನ್ ಆದ ಮೇಲೆ ತಲೆ ಸುತ್ತಿದರೆ ಎಂದು ಅರ್ಧ ಗಂಟೆ ಹೊರಗಿನ ಬೆಂಚಿನ ಮೇಲೆ ಕೂತಿರಬೇಕು. ಕೂತೆವು. ಅಕ್ಕಪಕ್ಕ, ಹಗಲಿನಲ್ಲಿ, ಇಬ್ಬರೂ ಎಚ್ಚರವಾಗಿ! ಅವಳ ಮುಖ ನೋಡಿ ಮಾತಾಡುವ ಅಭ್ಯಾಸ ತಪ್ಪಿಹೋಗಿದ್ದರಿಂದ ನಾನು ಎದುರು ಗೋಡೆಯ ಮೇಲಿದ್ದ ದೊಡ್ಡ ಹಲ್ಲಿನ ಚಿತ್ರ ನೋಡುತ್ತ ಮಾತಾಡಿದೆ. ಯಾವ ಗಿರಾಕಿ ದಪ್ಪಗಾದ, ಯಾರು ತೆಳ್ಳಗಾಗಿ ಅದು ನನ್ನ ಹೊಲಿಗೆಯ ತಪ್ಪು ಎಂದು ಜಗಳಕ್ಕೆ ಬಂದರು, ನನ್ನ ಮಂಡಿ ಯಾವ ಕಡೆ ನೋಯುತ್ತದೆ, ಎಲ್ಲ ಹೇಳಿದೆ. ಅವಳು ಪ್ರತಿಯೊಂದಕ್ಕೂ "ಹೂಂ" ಎಂದಳು. ಎಂಥ ಹೂಂ ಅಂತೀರಿ! ನಡುವೆ ಬಾಯಿ ಹಾಕಲಿಲ್ಲ, ಬುದ್ಧಿ ಹೇಳಲಿಲ್ಲ. ಇಷ್ಟು ಚೆನ್ನಾಗಿ ನನ್ನ ಮಾತನ್ನು ಯಾರೂ ಕೇಳಿಸಿಕೊಂಡಿರಲಿಲ್ಲ. ಆ ದಿನ ನಾಯಿಯ ಮೇಲಿನ ಸಿಟ್ಟು ಪೂರ್ತಿ ಇಳಿದುಹೋಯಿತು.

ಪದ ಸಿಕ್ಕ ಮೇಲೆ ಸುಮ್ಮನಿರಲಾಗುತ್ತದೆಯೇ? ಪ್ರಯೋಗಕ್ಕೆ ಇಳಿದೆ. "ನನ್ನ ಅಂಗಿ ಇನ್ನೂ ಆಗಿಲ್ವಾ?" ಎಂದು ಗಿರಾಕಿ ರೇಗಿದರೆ, ಕತ್ತರಿ ಕೆಳಗಿಟ್ಟು, ಕಿಟಕಿಯಾಚೆ ನೋಡಿ, "ಟ್ರಿಪನೋಫೋಬಿಯಾ" ಎನ್ನುತ್ತಿದ್ದೆ. ಅವರು ದನಿ ತಗ್ಗಿಸಿ, "ನಿಧಾನಕ್ಕೆ ಆಗ್ಲಿ ಬಿಡಿ, ಆರೋಗ್ಯ ನೋಡ್ಕೊಳ್ಳಿ," ಎಂದು ಹೋಗುತ್ತಿದ್ದರು. ಇಸ್ತ್ರಿಯವನಿಗೆ ಉರಿ ಹತ್ತಿತು. "ನಂಗೂ ಒಂದು ಫೋಬಿಯಾ ಹೇಳ್ಸು ಡಾಕ್ಟರಮ್ಮನ ಕೈಲಿ. ಇಸ್ತ್ರಿಪೆಟ್ಟಿಗೆ ಎತ್ತೋವಾಗ ಭುಜ ಹಿಡ್ಕೊಳ್ಳುತ್ತೆ," ಎಂದ. ಅದು ವಾಯು, ಫೋಬಿಯಾ ಅಲ್ಲ ಎಂದು ತಿಳಿಸಿ ಹೇಳಿದೆ. ವಿದ್ಯಾವಂತರ ಕಷ್ಟ ವಿದ್ಯಾವಂತರಿಗೇ ಗೊತ್ತು.

ಎರಡನೆಯ ಇಂಜೆಕ್ಷನ್ನಿನ ದಿನ ಒಂದು ಅನಾಹುತವಾಯಿತು. ಅವಳ ಕೈ ಹಿಡಿದು ಕೂತಿದ್ದಾಗ ಅಪ್ಪಿತಪ್ಪಿ ಕಣ್ಣು ಬಿಟ್ಟೆ. ಸೂಜಿ ತೋಳಿನೊಳಗೆ ಇಳಿಯುವುದು ಕಂಡಿತು. ಸೊಳ್ಳೆ ಕಚ್ಚಿದಷ್ಟೂ ನೋಯಲಿಲ್ಲ, ಎದೆ ಹೊಡೆದುಕೊಳ್ಳಲಿಲ್ಲ, ಕೈ ಬೆವರಲಿಲ್ಲ. ಹುಟ್ಟಿದಾಗಿನಿಂದ ಜೊತೆಗಿದ್ದ ಭಯ, ಹೇಳದೆ ಕೇಳದೆ ಹೊರಟುಹೋಗಿತ್ತು!

ಆಗ ನಿಜವಾಗಿ ಹೆದರಿದೆ. ಭಯವಿಲ್ಲದವನಿಗೆ ಕೈ ಹಿಡಿಯುವವರು ಯಾಕೆ? ಡಾಕ್ಟರಮ್ಮನಿಗೆ ತಿಳಿದರೆ, "ಇನ್ನು ನೀವೊಬ್ರೇ ಬನ್ನಿ," ಎಂದುಬಿಡುತ್ತಾರೆ. ಬೆಂಚೂ ಹೋಯಿತು, ಹೂಂ ಕೂಡ ಹೋಯಿತು. ಮತ್ತೆ ಆ ಪಾತ್ರೆಯೇ ಗತಿ. ಕೂಡಲೇ "ಅಯ್ಯಯ್ಯೋ ಸತ್ತೆ!" ಎಂದು ಕಿರುಚಿದೆ. ಸಿಸ್ಟರು ಆಗಲೇ ಹತ್ತಿ ಒತ್ತಿ ಬೇರೆಯವರ ಕಡೆ ತಿರುಗಿದ್ದರು.

ಮೂರನೆಯದಕ್ಕೆ ಅಭ್ಯಾಸ ಮಾಡಿಕೊಂಡು ಹೋದೆ. ಅಂಗಡಿಯ ಟ್ರಯಲ್ ಕೋಣೆಯ ಕನ್ನಡಿಯ ಮುಂದೆ ತುಟಿ ನಡುಗಿಸುವುದು, ಕಣ್ಣು ಮೇಲೆ ಮಾಡುವುದು, ಉಸಿರು ಬಿಗಿಹಿಡಿಯುವುದು. ಪರದೆ ಸರಿಸಿದ ಗಿರಾಕಿಯೊಬ್ಬರು ಪ್ಯಾಂಟು ಹಾಕಿ ನೋಡದೆಯೇ ಸರಿಯಾಗಿದೆ ಎಂದು ಹೊರಟುಹೋದರು. ಎಲ್ಲರೂ ಭಯ ಹೋದರೆ ಸಾಕು ಎನ್ನುತ್ತಾರೆ, ನಾನು ಹೋದ ಭಯವನ್ನು ವಾಪಸು ಕರೆತರಲು ಒದ್ದಾಡುತ್ತಿದ್ದೆ. ನಾಲ್ಕನೆಯದರಲ್ಲಿ ಎಷ್ಟು ಚೆನ್ನಾಗಿ ನರಳಿದೆನೆಂದರೆ ಸಾಲಿನಲ್ಲಿದ್ದ ಇಬ್ಬರು ಎದ್ದು ಮನೆಗೆ ಹೋದರು.

ಐದನೆಯದು ಕೊನೆಯದು. ಆ ದಿನಕ್ಕೆ ಒಂದು ಮಾತು ಸಿದ್ಧ ಮಾಡಿಕೊಂಡಿದ್ದೆ. ಇಂಜೆಕ್ಷನ್ ಆಯಿತು, ನರಳುವುದೂ ಆಯಿತು, ಬೆಂಚಿಗೆ ಬಂದು ಕೂತೆವು. ನಾನು ಗೋಡೆಯ ಹಲ್ಲನ್ನು ನೋಡುತ್ತ ಗಂಟಲು ಸರಿಮಾಡಿಕೊಂಡೆ.

"ನೋಡೇ, ಇವತ್ತಿಗೆ ಇದು ಮುಗೀತು."

"ಹೂಂ."

"ಮನೇಲೂ ಹೀಗೇ ದಿನಾ ಸ್ವಲ್ಪ ಹೊತ್ತು ಕೂತ್ಕೊಳ್ಳೋಣ ಅಂತ. ನಾನು ಅಂಗಡಿ ಬೇಗ ಮುಚ್ಚಿ ಬರ್ತೀನಿ. ನೀನು ಸ್ವಲ್ಪ ಎದ್ದಿದ್ರೆ ಸಾಕು. ಮಾತಾಡ್ದಿದ್ರೂ ಪರವಾಗಿಲ್ಲ. ನಂಗೆ ಒಂಟಿ ಅನ್ಸುತ್ತೆ ಕಣೇ."

"ಹೂಂ."

ಇಷ್ಟು ಸಲೀಸಾಗಿ ಒಪ್ಪಿದಳೇ! ಎದೆ ತುಂಬಿ ಬಂತು. ಅಷ್ಟರಲ್ಲಿ ಸಿಸ್ಟರು ಬಂದು ಬಾಗಿ ಮೆಲ್ಲಗೆ ಹೇಳಿದರು: "ನಿಮ್ಮ ಮನೆಯವರು ಹೋದ ಸಲ ನನ್ನನ್ನ ಏನು ಕೇಳಿದ್ರು ಗೊತ್ತಾ? ಇನ್ನೊಂದೆರಡು ಇಂಜೆಕ್ಷನ್ ಸೇರಿಸೋಕಾಗಲ್ವಾ ಅಂತ."

"ಅಯ್ಯೋ ಪಾಪ! ನನ್ನ ಜೊತೆ ಕೂರೋಕೆ ಅಷ್ಟು ಆಸೆನಾ ಇವಳಿಗೆ?"

"ಮೆಲ್ಲಗೆ ಮಾತಾಡಿ. ಎದ್ಬಿಡ್ತಾರೆ."

ತಿರುಗಿ ನೋಡಿದೆ. ತಲೆಯನ್ನು ಗೋಡೆಗೆ ಆನಿಸಿ, ಬಾಯಿ ಸ್ವಲ್ಪ ತೆರೆದು, ನನ್ನ ಹೆಂಡತಿ ಗಾಢವಾಗಿ ನಿದ್ದೆ ಮಾಡುತ್ತಿದ್ದಳು.

"ಮೊದಲನೇ ದಿನದಿಂದಲೂ ಹೀಗೇ," ಎಂದರು ಸಿಸ್ಟರು. "ಕೂತ ಕೂಡ್ಲೇ ನಿದ್ದೆ. ನೀವು ಜೋಗುಳ ಹಾಡಿದ ಹಾಗೆ ಮಾತಾಡ್ತಾನೇ ಇರ್ತೀರಾ. ಬೇಕರೀಲೂ ಹೀಗೇ ಕೂತಲ್ಲೇ ತೂಕಡಿಸ್ತಾರಂತೆ. ಮೇಸ್ತ್ರಿ ಕೂಗಿದ್ರೆ ನಿದ್ದೇಲೇ ಹೂಂ ಅನ್ನೋದು ಅಲ್ಲಿ ಎಲ್ಲರಿಗೂ ಅಭ್ಯಾಸವಂತೆ."

ಅರ್ಧ ಗಂಟೆ ಮುಗಿಯುವವರೆಗೆ ನಾನು ಮಾತಾಡದೆ ಕೂತೆ. ದನಿ ನಿಂತದ್ದಕ್ಕೋ ಏನೋ, ಅವಳಿಗೆ ಎಚ್ಚರವಾಯಿತು.

"ಏನಾದ್ರೂ ಹೇಳ್ತಿದ್ರಾ?"

ಅದನ್ನು ಇನ್ನೊಮ್ಮೆ ಹೇಳುವ ಧೈರ್ಯ ನನಗಿರಲಿಲ್ಲ. "ಏನಿಲ್ಲ," ಎಂದೆ.

ಅವಳು ಎದ್ದು ನಿಂತು, ಆಕಳಿಸಿ, ನನ್ನ ಅಂಗಿಯ ತೋಳನ್ನು ಕೆಳಗಿಳಿಸಿ ಗುಂಡಿ ಹಾಕಿದಳು. "ಮೊದಲನೇ ದಿನ ನಿಮ್ಮ ಕೈ ಒದ್ದೆಯಾಗಿತ್ತು. ಆಮೇಲೆ ಯಾವತ್ತೂ ಬೆವರಲಿಲ್ಲ. ನಂಗೆ ಗೊತ್ತಿತ್ತು ರೀ."

"ಗೊತ್ತಿದ್ದೂ ಯಾಕೆ ಬಂದೆ?"

"ಮನೇಲಿ ಕೂತ್ರೆ ಕೆಲಸ ಕಾಣುತ್ತೆ. ಇಲ್ಲಿ ಗೋಡೆ ಒಂದೇ ಕಾಣೋದು. ಚೆನ್ನಾಗಿತ್ತು." ಹೀಗೆಂದು ಬೇಕರಿಯ ಕಡೆ ನಡೆದಳು. ನಾನು ಅಂಗಡಿಯ ಕಡೆ ನಡೆದೆ. ಆ ಸಂಜೆ ಬೇಗನೆ ಮುಚ್ಚಿಕೊಂಡು ಹೋದೆ. ಪಾತ್ರೆ ತಣ್ಣಗಿತ್ತು.

ಮರುದಿನ ಮೇಡಂ ನಾಯಿಯನ್ನು ಕರೆದುಕೊಂಡು ಬಂದರು. ಕೋಟಿನ ಟ್ರಯಲ್ ಬಾಕಿಯಿತ್ತು.

"ಹೆದರಬೇಡಿ, ಈಗ ತುಂಬ ಸುಧಾರಿಸಿದಾನೆ," ಎಂದರು.

"ನನಗೇನೂ ಹೆದರಿಕೆ ಇಲ್ಲ ಮೇಡಂ," ಎಂದೆ. ಅದು ಸತ್ಯವೇ ಆಗಿತ್ತು. ನೆಲದ ಮೇಲೆ ಕೂತು ಕೋಟು ತೊಡಿಸಿದೆ. ಎದೆಯ ಹತ್ತಿರ ಬೇಕೆಂದೇ ಸ್ವಲ್ಪ ಬಿಗಿಯಾಗಿ ಎಳೆದೆ. ಸುಮ್ಮನಿದ್ದ. ಮೇಡಂ ಕನ್ನಡಿಯ ಕಡೆ ತಿರುಗಿದಾಗ, ಮೆಲ್ಲಗೆ ಪ್ಯಾಂಟಿನ ಕಾಲು ಮೇಲೆ ಸರಿಸಿ, ಇನ್ನೂ ಹಲ್ಲು ಮುಟ್ಟದ ಕಾಲನ್ನು ಅವನ ಬಾಯಿಯ ಮುಂದೆ ಚಾಚಿದೆ.

ಅವನು ಮೂಸಿ ನೋಡಿದ. ಒಮ್ಮೆ ನೆಕ್ಕಿದ. ಆಮೇಲೆ ನನ್ನ ಪಾದದ ಮೇಲೆ ತಲೆಯಿಟ್ಟು ನಿದ್ದೆ ಹೋದ.