ಮಸ್ಕಿಯವರು ಕೊಂಡ ಉಸಿರು

ನಮ್ಮ ಭಾವನವರು ಉಸಿರು ಮಾರಿ ಬದುಕಿದವರು ಎಂದರೆ ನೀವು ನಗುತ್ತೀರಿ. ನಗಿ! ಸಿಂಧನೂರಿನ ಆ ಮನೆಗೆ ಸೊಸೆಯಾಗಿ ಬಂದ ಹೊಸತರಲ್ಲಿ ನಾನೂ ಸೆರಗು ಬಾಯಿಗಿಟ್ಟುಕೊಂಡು ನಕ್ಕವಳೇ.

ನನ್ನ ಗಂಡನ ಅಣ್ಣ ಅವರು. ಕಸುಬು ಹುತುತು. ಈಗಿನವರು ಕಬಡ್ಡಿ ಅನ್ನುತ್ತೀರಲ್ಲ, ಅದೇ. ಊರವರೆಲ್ಲ ಹೊಲದ ಕೆಲಸ ಮುಗಿಸಿ ಆಡಿದರೆ, ಇವರು ಆಡುವುದನ್ನೇ ಕೆಲಸ ಮಾಡಿಕೊಂಡಿದ್ದರು. ಯಾರು ತುಪ್ಪ, ರುಮಾಲು ಕೊಟ್ಟು ಕರೆದರೋ ಅವರ ಪರ! ಒಂದು ವಾರ ಮಸ್ಕಿಯ ಪರ ಆಡಿ ಲಿಂಗಸುಗೂರಿನವರಿಗೆ ಮಣ್ಣು ಮುಕ್ಕಿಸಿದರು. ಮರುವಾರ ಲಿಂಗಸುಗೂರಿನ ಪರ ನಿಂತು ಮಸ್ಕಿಗೂ ಅದೇ ಮಣ್ಣು! ಮಸ್ಕಿಯವರು ಮನೆಗೇ ಬಂದು ಜಗಳ ತೆಗೆದರು.

"ಏನ್ರೀ ಇದು? ಹೋದ ವಾರ ನಮ್ಮ ತುಪ್ಪ ತಿಂದೀರಿ!"

"ಆ ತುಪ್ಪ ಹೋದ ವಾರಾನ ಕರಗೇತ್ರೀ. ಈ ವಾರದ್ದು ತಂದೀರೇನು?"

ತಂದಿರಲಿಲ್ಲ. ಆದರೆ ಮುಂದಿನ ಆಟಕ್ಕೆ ಇವರನ್ನು ಗೊತ್ತು ಮಾಡಿಯೇ ಹೋದರು.

ಆಟ ಗೊತ್ತಾಯಿತೋ, ಮುಗಿಯಿತು! ಮನೆಯಲ್ಲಿ ಅವರ ಉಸಿರು ಯಾರಿಗೂ ಸಿಗದು. ಕೂಗುವುದಿಲ್ಲ, ಬಿಸಿ ಚಹಾ ಊದುವುದಿಲ್ಲ, ಜಗಳವೂ ಕೈಸನ್ನೆಯಲ್ಲೇ. ಅವರ ಹೆಂಡತಿಗೆ, ಅಂದರೆ ನಾನು ಅಕ್ಕ ಎಂದು ಕರೆಯುತ್ತಿದ್ದ ನನ್ನ ನೆಗೆಣ್ಣಿಗೆ, ಒಲೆಯ ಹೊಗೆ ಆಗುತ್ತಿರಲಿಲ್ಲ. ಕೆಮ್ಮಿ ಕೆಮ್ಮಿ ಕಣ್ಣು ಕೆಂಪಾಗುತ್ತಿದ್ದವು. ನಾನು ಊದಿದರೆ ಬೂದಿಯೆಲ್ಲ ಸಾರಿಗೆ ಬೀಳುತ್ತಿದ್ದುದರಿಂದ ನನಗೆ ಆ ಕೆಲಸ ಕೊಡುತ್ತಿರಲಿಲ್ಲ. ಒಂದು ದಿನ ಅಕ್ಕ ಊದುಗೊಳವೆ ಹಿಡಿದುಕೊಂಡೇ ಕೂಗಿದಳು.

"ಎದಿಯಾಗ ಅಷ್ಟು ದಮ್ ಇಟಗೊಂಡೀರಿ, ಈ ಒಲಿಗೆ ಒಂದ್ಸಲ ಊದ್ರೀ!"

"ಹ್ಯಾಂಗ ಊದಲಿ? ಈ ಉಸಿರು ಮಸ್ಕಿಯವರು ಕೊಂಡಾರ! ಮನ್ಯಾಗ ಖರ್ಚು ಮಾಡಿದ್ರ ಬೇಮಾನಿ ಆಗ್ತೈತಿ."

ಭಾವನ ಎದುರು ನಾನು ಮಾತಾಡುವಂತಿರಲಿಲ್ಲ. ಇಲ್ಲದಿದ್ದರೆ ಅವತ್ತು ಅವರಿಗಿತ್ತು! ಅಷ್ಟು ಸಿಟ್ಟು ಬಂದಿತ್ತು ನನಗೆ.

ತುಂಗಭದ್ರೆಯ ಕಾಲುವೆ ಅಗೆಯುತ್ತಿದ್ದ ಕಾಲ. ದಢೇಸುಗೂರಿನ ಆಟದಲ್ಲಿ ಎದುರಾಳಿಗಳೆಲ್ಲ ಮೇಲೆ ಬಿದ್ದು ಭಾವನವರ ಮೊಣಕಾಲು ಮುರಿಯಿತು. ಹೊತ್ತು ತಂದಾಗ ಮನೆಯವರೆಲ್ಲ ಅಳುತ್ತಿದ್ದರೆ ಇವರದು ಒಂದೇ ಹಟ: "ಗೆರಿ ಮುಟ್ಟೀನೋ ಇಲ್ಲೋ, ಅದನ್ನ ಹೇಳ್ರಲೇ!"

ಅಲ್ಲಿಗೆ ಅವರ ಆಡುವ ಕಾಲ ಮುಗಿಯಿತು. ಸಾಲಗುಂದದವರು ಕರೆದು ತಮ್ಮ ಹುಡುಗರಿಗೆ ಉಸ್ತಾದರನ್ನಾಗಿ ಮಾಡಿಕೊಂಡರು. ಅಯ್ಯೋ, ಆಮೇಲೆ ನೋಡಬೇಕಿತ್ತು! ಇಷ್ಟು ವರ್ಷ ಕೂಡಿಟ್ಟ ಉಸಿರೆಲ್ಲ ಬೈಗುಳವಾಗಿ ಹೊರಬಿತ್ತು. ಮೊದಲ ಪಂದ್ಯದಲ್ಲೇ ಅನಾಹುತ. ಸಾಲಗುಂದದ ಹುಡುಗ "ಹುತುತುತು" ಎನ್ನುತ್ತ ಒಳಗೆ ನುಗ್ಗಿದ. ಗೆರೆಯಾಚೆ ನಿಂತ ಇವರೂ ಉಸಿರು ಹಿಡಿದು ಶುರು ಮಾಡಿದರು. ಹುಡುಗ ಇಬ್ಬರನ್ನು ಮುಟ್ಟಿ ಬಂದ, ನೀರು ಕುಡಿದ, ಮೈ ಒರೆಸಿಕೊಂಡ. ಇವರು ಇನ್ನೂ "ಹುತುತುತು"! ಕೊನೆಗೆ ಧೊಪ್ಪನೆ ಬಿದ್ದರು. ಆಡಿದವರೆಲ್ಲ ನಡೆದುಕೊಂಡು ಹೋದರು, ಉಸ್ತಾದರು ಮಾತ್ರ ಚಕ್ಕಡಿಯಲ್ಲಿ ಮನೆಗೆ ಬಂದರು.

"ಇನ್ನ ಬರಬ್ಯಾಡ್ರೀ. ನಿಮ್ಮ ಜೀವಕ್ಕ ನಾವು ಜವಾಬ್ದಾರ್ ಆಗಾಂಗಿಲ್ಲ" ಎಂದರು ಸಾಲಗುಂದದ ಹಿರಿಯರು.

ಆಮೇಲೆ ಯಾವ ಊರಿನವರೂ ಬರಲಿಲ್ಲ. ಭಾವನವರು ಕಟ್ಟೆಯ ಮೇಲೆ ಕೂತು ಮಸ್ಕಿಯ ದಾರಿ ನೋಡುವುದನ್ನು ಕಂಡು ನನಗೇ ಸಂಕಟವಾಗುತ್ತಿತ್ತು.

ಒಂದು ಬೆಳಿಗ್ಗೆ ಕಟ್ಟಿಗೆ ಹಸಿಯಾಗಿತ್ತು, ಅಕ್ಕನ ಕೆಮ್ಮು ನಿಲ್ಲಲೇ ಇಲ್ಲ. ಭಾವನವರು ಕುಂಟುತ್ತ ಒಳಗೆ ಬಂದರು. ಆ ಮುರಿದ ಮೊಣಕಾಲನ್ನು ಹಲ್ಲು ಕಚ್ಚಿ ಮಡಚಿ ಒಲೆಯ ಮುಂದೆ ಕೂತರು.

"ಸರಿ ಆಕಡೆ. ಕೊಳವಿ ಕೊಡು."

"ಯಾಕ್ರೀ, ಮಸ್ಕಿಯವರು ಸಿಟ್ಟಾಗಾಂಗಿಲ್ಲೇನು?"

"ಈಗ ಇದನ್ನ ಯಾರೂ ಕೊಂಡಿಲ್ಲ" ಎಂದರು ಭಾವನವರು, ಒಲೆಯನ್ನೇ ನೋಡುತ್ತ. "ನೀ ತಗೋತಿ ಏನು?"

ಒಂದೇ ಉಸಿರಿಗೆ ಒಲೆ ಧಗ್ಗನೆ ಹತ್ತಿಕೊಂಡಿತು. ಅಡಿಗೆಮನೆಯಲ್ಲಿ ಹೊಗೆಯೇ ಉಳಿಯಲಿಲ್ಲ. ಆದರೂ ಅಕ್ಕ ರೊಟ್ಟಿ ಬಡಿದು ಮುಗಿಸುವವರೆಗೂ ಕಣ್ಣು ಒರೆಸಿಕೊಳ್ಳುತ್ತಲೇ ಇದ್ದಳು.